ಚಿಪ್ಪಿನ ಸಾರಿಗೆ ಹಾಲು

ಅಪ್ಪನ ಗದ್ದಕ್ಕೆ ಕಟ್ಟಿದ್ದ ಬಿಳಿ ಬಟ್ಟೆಯ ಗಂಟಿಗೆ ಕುಸುಮ ಉಗುರು ಹಾಕಿ ಎಳೆಯುತ್ತಿದ್ದಳು. ನೆತ್ತಿಯ ಮೇಲಿನ ಆ ಗಂಟು ಜಗ್ಗುತ್ತಿರಲಿಲ್ಲ.

“ಬುಡವ್ವ, ಈಗ್ಲೇ ಬಿಚ್ಬ್ಯಾಡ,” ಎಂದ ಶಿವಣ್ಣ. “ಹಾಲು ಬುಡಾಗ ಬಿಚ್ಚಾನ.”

“ಹಲ್ಲುನೋವು ಬಂದೋರ ಥರ ಕಾಣ್ತಾನೆ ಮಾವ. ವಸಿ ಸಡಿಲ ಮಾಡ್ತೀನಿ ಅಷ್ಟೆ.”

“ಸಡ್ಲ ಮಾಡುದ್ರೆ ಸುರು ಅಚ್ಕತಾನೆ. ಅರವತ್ತೊಂದ್ ವರ್ಸದಲ್ಲಿ ಆ ಬಾಯಿ ಮುಚ್ಚಿರಾದು ಇವತ್ತೊಂದಿನ. ಅದ್ಕೂ ವಸಿ ರಜ ಕೊಡು.”

ಸುತ್ತ ಕೂತಿದ್ದ ಹೆಂಗಸರಲ್ಲಿ ಇಬ್ಬರು ಸೆರಗು ಬಾಯಿಗೆ ಒತ್ತಿ ನಕ್ಕರು. ನಕ್ಕ ತಪ್ಪಿಗೆ ಇನ್ನಷ್ಟು ಗಟ್ಟಿಯಾಗಿ ಅತ್ತರು.

ಗಂಟು ಹಾಕಿದವನೂ ಶಿವಣ್ಣನೇ. ಮೂವತ್ತು ವರ್ಷ ಅವಳ ಅಪ್ಪ ನಾಗರಾಜುವಿನ ಜೊತೆ ಮದುವೆ ಛತ್ರಗಳಲ್ಲಿ ಸೌಟು ಹಿಡಿದವನು, ಮಿಕ್ಕ ಅಕ್ಕಿಯ ಮೂಟೆ ಬಿಗಿದವನು. ಅವನು ಬಿಗಿದದ್ದು ಅಷ್ಟು ಸುಲಭಕ್ಕೆ ಬಿಚ್ಚುವಂಥದ್ದಲ್ಲ. ಮುನ್ನಾ ದಿನ ಮದ್ದೂರಿನ ಒಂದು ಛತ್ರದಲ್ಲಿ ಬೀಗರ ಊಟಕ್ಕೆಂದು ಕುದಿಯುತ್ತಿದ್ದ ಮಟನ್ ಸಾರನ್ನು ಅಂಗೈಗೆ ಬಿಟ್ಟುಕೊಂಡು ನೆಕ್ಕಿ, “ಉಪ್ಪು ಒಂದ್ ಹಿಡಿ ಬೇಕು ಕಣ್ಲಾ ಶಿವಣ್ಣ” ಎಂದು ಈರುಳ್ಳಿ ಮೂಟೆಯ ಮೇಲೆ ಕೂತ ನಾಗರಾಜು ಮತ್ತೆ ಏಳಲಿಲ್ಲ. ಶಿವಣ್ಣ ಉಪ್ಪು ಹಾಕಿ ತಿರುಗುವಷ್ಟರಲ್ಲಿ ಎಲ್ಲ ಮುಗಿದಿತ್ತು.

ಮಂಡ್ಯದಲ್ಲಿದ್ದ ಕುಸುಮಳಿಗೆ ಶಿವಣ್ಣ ಫೋನು ಮಾಡಿ, “ನಾಗ ಓಗ್ಬುಟ್ಟ ಕಣವ್ವ” ಎಂದಾಗ ಅವಳು ನಕ್ಕಿದ್ದಳು. “ಅಪ್ಪ, ಶಿವಣ್ಣ ಮಾವನ ದನಿ ಸರಿಯಾಗಿ ಬಂದಿಲ್ಲ. ಇನ್ನೂ ವಸಿ ಗೊಗ್ಗರು ಬೇಕು.”

ಅದು ಪೂರ್ತಿ ಅವಳ ತಪ್ಪಲ್ಲ. ಲೈನ್‌ಮ್ಯಾನ್ ದನಿಯಲ್ಲಿ “ಸಂಜೆಗಂಟ ಕರೆಂಟಿಲ್ಲ” ಎಂದು ಫೋನು ಮಾಡಿ, ತನ್ನೂರು ಕೊತ್ತತ್ತಿಯ ಬೀದಿಯವರೆಲ್ಲ ಬೆಳಗ್ಗೆ ಆರಕ್ಕೇ ರಾಗಿ ಹೊತ್ತುಕೊಂಡು ಹಿಟ್ಟಿನ ಗಿರಣಿಗೆ ಓಡುವ ಹಾಗೆ ಮಾಡಿದ್ದ ಮನುಷ್ಯ ಅವನು. ಮಗಳಿಗೂ ಒಂದು ದಿನ ಬಸ್ ಕಂಡಕ್ಟರನಾಗಿ, ಇನ್ನೊಂದು ದಿನ ಅವಳ ಕಾಲೇಜಿನ ಪ್ರಿನ್ಸಿಪಾಲರಾಗಿ ಫೋನು ಮಾಡುತ್ತಿದ್ದ. ತನ್ನದೇ ದನಿಯಲ್ಲಿ, ತಪ್ಪದೆ ಮಾಡುತ್ತಿದ್ದ ಫೋನು ವರ್ಷಕ್ಕೆ ಒಂದೇ. ಬೇಸಿಗೆಯಲ್ಲಿ.

“ನಾಲೆ ನಿಂತದೆ ಕಣ್ ಮಗ.”

“ಹೂಂ ಅಪ್ಪ. ಬಿಸ್ಲು ಜಾಸ್ತಿ ಅಲ್ವಾ.”

ಆಮೇಲೆ ಇಬ್ಬರಿಗೂ ಮಾತು ಸಿಗುತ್ತಿರಲಿಲ್ಲ.

ಶಾಮಿಯಾನದ ಕೆಳಗೆ ಈಗ ಮಾತಿಗೆ ಬರವಿರಲಿಲ್ಲ. ಬಂದವರೆಲ್ಲ ಒಂದೊಂದು ಊಟ ನೆನೆದುಕೊಂಡು ಅಳುತ್ತಿದ್ದರು. ಒಬ್ಬಳಿಗೆ ದುದ್ದದ ಮದುವೆಯ ಬೋಟಿ ಗೊಜ್ಜು, ಒಬ್ಬನಿಗೆ ತನ್ನ ಅಪ್ಪನ ತಿಥಿಯ ಕಜ್ಜಾಯ. ಸೌಟು ನೆಟ್ಟರೆ ನಿಲ್ಲುವಂಥ ಸಾರು, ಕೈಯಿಟ್ಟರೆ ಜಾರುವಂಥ ಮುದ್ದೆ. ಹೊಗಳಿಕೆ ಮುಗಿಯುವ ಹೊತ್ತಿಗೆ ಎಲ್ಲರ ಮಾತೂ ಒಂದೇ ತಿರುವಿಗೆ ಬಂದು ನಿಧಾನವಾಗುತ್ತಿತ್ತು.

“ಎಲ್ಲಾ ಸರಿ ಕಣಮ್ಮ, ಅದೊಂದ್ ತೆಪ್ಪು ಮಾಡ್ದ ನೋಡು. ಆ ಚೌಡಮ್ಮನ ಸಾರು.”

“ಹಾಲಿಗೂ ಮೀನಿಗೂ ಆಯ್ತದಾ? ಎಳೇ ಮಗ. ಪಾಪ.”

ಪಾಪ ಎಂದವರ ಕಣ್ಣು ಕುಸುಮಳ ತುಟಿಯ ಅಂಚಿಗೆ, ಅಲ್ಲಿಂದ ಅವಳ ಬೆರಳುಗಳಿಗೆ ಇಳಿದು ಬರುತ್ತಿತ್ತು. ಅಲ್ಲಿ ಬಣ್ಣವಿರಲಿಲ್ಲ, ಹಾಲಿನಲ್ಲಿ ಅದ್ದಿ ತೆಗೆದ ಹಾಗಿತ್ತು. ಕುಸುಮ ಬೆರಳುಗಳನ್ನು ಮಡಚಿ ಮುಷ್ಟಿ ಮಾಡಿಕೊಂಡಳು. ಮೂರು ಗಂಟೆಗೆ ಮಣ್ಣು. ಈಗ ಹನ್ನೊಂದೂವರೆ. ಹದಿನೆಂಟು ವರ್ಷದಿಂದ ಹೇಳದೆ ಉಳಿಸಿಕೊಂಡ ಒಂದು ಮಾತನ್ನು ಅವಳು ಅಷ್ಟರೊಳಗೆ ಹೇಳಬೇಕಿತ್ತು.

*

ಅದು ನಾಲೆ ನಿಂತ ತಿಂಗಳು. ಕುಸುಮಳಿಗೆ ಹತ್ತು ವರ್ಷ, ತಂಗಿ ದೀಪಿಕಳಿಗೆ ಐದು. ನೀರಿಳಿದ ನಾಲೆಯ ಹೂಳಿನೊಳಗೆ ಕೈಬಿಟ್ಟು ಅಪ್ಪ ಒಂದು ಮಂಕರಿ ಕಪ್ಪೆಚಿಪ್ಪು ಹೆಕ್ಕಿ ತಂದಿದ್ದ. ಒಂದೊಂದೂ ಅಂಗೈಯಷ್ಟು, ಹೊರಗೆ ಕೆಸರಿನಷ್ಟೇ ಕಪ್ಪು. ಎರಡು ದಿನ ಬೋಗುಣಿಯಲ್ಲಿಟ್ಟು, ನೀರು ಬದಲಿಸಿ ಬದಲಿಸಿ ಅವುಗಳ ಹೊಟ್ಟೆಯ ಹೂಳೆಲ್ಲ ಕಕ್ಕಿಸಿದ.

“ಏನ್ ಮಾಡೀರಿ ಇದ್ನ?” ಎಂದಳು ಅವ್ವ ಪಟ್ಟಲಮ್ಮ.

“ಚೌಡರ್.”

“ಯಾವ ಚೌಡಮ್ಮ?”

ಆ ಹೆಸರು ಅಂದೇ ನಿಂತಿತು. ಅಪ್ಪ ಹೆಂಡತಿಯ ಟವೆಲ್ಲು ತೆಗೆದು ತಲೆಗೆ ಸುತ್ತಿಕೊಂಡು, ಬೆನ್ನು ಬಾಗಿಸಿ, ಮುದುಕಿಯಾಗಿ ಅಡುಗೆಮನೆಯೆಲ್ಲ ನಡೆದ. ಮದುವೆಗೆ ಮೊದಲು ಆರು ವರ್ಷ ಅವನು ಹಡಗಿನಲ್ಲಿ ಅಡುಗೆಯವನಾಗಿದ್ದ. ಊರಿಗೆ ಇಂದಿಗೂ ಹಡಗು ನಾಗರಾಜು. ಅಮೆರಿಕದ ಬಾಸ್ಟನ್ ಬಂದರಿನಲ್ಲಿ ಇಂಜಿನ್ ಕೆಟ್ಟು ಹಡಗು ಹನ್ನೊಂದು ದಿನ ನಿಂತಾಗ, ಹಿಮಕ್ಕೆ ನಡುಗುತ್ತ ಹೊಕ್ಕ ಹೋಟೆಲಿನಲ್ಲಿ ಒಬ್ಬಳು ಅಜ್ಜಿ ಬಟ್ಟಲು ತುಂಬ ಚೌಡರ್ ಎಂಬ ಬಿಳಿ ಸಾರು ಬಡಿಸಿದ್ದಳಂತೆ. “ಈಟ್ ಸನ್, ಈಟ್!” ಅಜ್ಜಿಯ ದನಿಗೆ ದೀಪಿಕ ಕೇಕೆ ಹಾಕಿ ನಕ್ಕಿತು. “ಹನ್ನೊಂದ್ ದಿನವೂ ಅದೇ ಉಂಡೆ ಕಣೇ. ನಮ್ಮವ್ವ ಸತ್ತ ಕಾಗ್ದ ಬಂದಿದ್ದು ಅಲ್ಲೇಯ. ಆ ಬಟ್ಲು ಹಿಡ್ಕಂಡೇ ಅತ್ತಿದ್ದು.”

“ಇದ್ಕೆ ಹಾಲು ಹಾಕ್ತಾರಾ?”

“ಹಾಲು, ಕೆನೆ, ಬೆಣ್ಣೆ.”

ಪಟ್ಟಲಮ್ಮ ಹಾಲಿನ ಪಾತ್ರೆಯನ್ನು ಕಂಕುಳಿಗೆ ಎತ್ತಿಕೊಂಡಳು. ಏಡಿ ಸಾರು ಮಾಡಿದ ದಿನ ಮಜ್ಜಿಗೆಯ ಚೊಂಬನ್ನೂ ನಡುಮನೆಗೆ ಸಾಗಿಸುವವಳು ಅವಳು. “ಮೈಯೆಲ್ಲ ಬೆಳ್ಗಾಗ್ಬೇಕಾ? ತೊನ್ನು ಬತ್ತದೆ!”

“ಆ ದೇಶದೋರೆಲ್ಲ ದಿನಾ ತಿಂತಾರೆ. ಒಬ್ರಿಗೂ ಬಂದಿಲ್ಲ.”

“ಅವ್ರು ಹುಟ್ಟಿರೋದೇ ಬೆಳ್ಗೆ. ಬಂದ್ರೂ ಯಾರ್ಗೆ ಕಂಡದು?”

ಅಪ್ಪ ಗೋಡೆಯ ಗೂಡಿನ ಕಡೆ ಬೆರಳು ತೋರಿಸಿದ. ಅಲ್ಲಿ ಒಂದು ಹಳೆಯ ಚಿಪ್ಪಿತ್ತು, ಹಾಲು ಕಾಯಿಸಿದ ಪಾತ್ರೆಯ ತಳ ಕೆರೆಯುವುದಕ್ಕೆ ಅವನೇ ಮದುವೆಯಾದ ಹೊಸತರಲ್ಲಿ ಅಂಚು ಉಜ್ಜಿ ನಯ ಮಾಡಿ ಕೊಟ್ಟದ್ದು. “ದಿನಾ ಕೆನೆ ಕೆರೆಯೋಕೆ ಚಿಪ್ಪು ಆಯ್ತದೆ. ಒಳಗಿರೋನು ಮಾತ್ರ ಆಗಕಿಲ್ವ?”

“ಚಿಪ್ಪು ಚಿಪ್ಪೇಯ, ಮಾಂಸ ಮಾಂಸವೇಯ,” ಎಂದು ಪಟ್ಟಲಮ್ಮ ಹಾಲನ್ನೂ ಚಿಕ್ಕ ಮಗಳನ್ನೂ ಎತ್ತಿಕೊಂಡು ಪಕ್ಕದ ಮನೆಯ ಜಗಲಿಗೆ ಹೋಗಿ ಕೂತಳು. ಅಪ್ಪ ಅಂಗಡಿಯಿಂದ ಎರಡು ಪ್ಯಾಕೆಟ್ ಹಾಲು ತಂದ.

ಕುಸುಮ ಒಲೆಯ ಪಕ್ಕ ಕೂತು ನೋಡಿದಳು. ಚಿಪ್ಪುಗಳು ಆವಿಯಲ್ಲಿ ಒಂದೊಂದಾಗಿ ಬಾಯಿ ತೆರೆದವು. ಬೆಂದ ನೀರನ್ನು ಅಪ್ಪ ಪಂಚೆಯ ಚೂರಿನಲ್ಲಿ ಸೋಸಿಟ್ಟ. ಬೆಣ್ಣೆಯಲ್ಲಿ ಈರುಳ್ಳಿ ಬಾಡಿಸಿದ, ಕೆಂಪಾಗಲು ಬಿಡಲಿಲ್ಲ. ಮೈದಾ ಹಾಕಿ ಕೈಯಾಡಿಸಿದ. ದಾಳದ ಹಾಗೆ ಹೆಚ್ಚಿದ ಆಲೂಗಡ್ಡೆ, ಸೋಸಿದ ನೀರು. ಆಲೂಗಡ್ಡೆ ಬೆಂದ ಮೇಲೆ ಉರಿ ಇಳಿಸಿ ಹಾಲು ಬಿಟ್ಟ. “ಹಾಲು ಬುಟ್ ಮೇಲೆ ಕುದೀಬಾರ್ದು ಮಗ. ನಿಮ್ಮವ್ವನ ಹಂಗೆ, ಕುದುದ್ರೆ ಒಡ್ದೋಯ್ತದೆ.” ಕೊನೆಗೆ ಕೆನೆ, ಹೆಚ್ಚಿದ ಮಾಂಸ, ಕರಿಮೆಣಸು.

ಬೋಗುಣಿಯ ತಳದಲ್ಲಿ ಒಂದು ಚಿಪ್ಪು ಮಾತ್ರ ಮುಚ್ಚಿಕೊಂಡೇ ಉಳಿದಿತ್ತು.

“ಇದು ಯಾಕಪ್ಪ ತೆಗೀಲಿಲ್ಲ?”

“ಅದು ಸತ್ತು ಎಷ್ಟ್ ದಿನ ಆಗಿತ್ತೋ. ಅಂಥದ್ನ ಎಸ್ದುಬುಡ್ಬೇಕು.” ಅಪ್ಪ ಅದನ್ನು ಎಸೆಯಲಿಲ್ಲ, ಕೈಯಲ್ಲಿ ಹಿಡಿದು ತಿರುಗಿಸಿದ. ಆಮೇಲೆ ಅವಳ ಕಾಲು ನೋಡಿದ. “ಕಾಲ್ ಚೈನು ಕಚ್ತಾ ಐತಾ ಮಗ?”

“ಇಲ್ಲ.”

“ಏನಾರ ಇದ್ರೆ ಯೋಳು. ನಾನು ಬೈಯಕಿಲ್ಲ.”

“ಏನಿಲ್ಲ ಅಪ್ಪ.” ಅವಳು ಲಂಗವನ್ನು ಪಾದದ ಮೇಲೆ ಎಳೆದುಕೊಂಡಳು.

ಚೈನಿನ ಅಡಿಯಲ್ಲಿ, ಹಿಮ್ಮಡಿಯ ಮೇಲುಗಡೆ, ಒಂದು ರೂಪಾಯಿ ಬಿಲ್ಲೆಯಷ್ಟು ಜಾಗ ಬೆಳ್ಳಗಾಗಿ ಆಗಲೇ ಮೂರು ತಿಂಗಳಾಗಿತ್ತು. ಅದು ಏನೆಂದು ಅವಳಿಗೆ ಗೊತ್ತಿತ್ತು. ಬೀದಿಯ ಕೊನೆಯ ಮನೆಯ ಹೆಂಗಸಿಗೆ ಹಾಗೆ ಆದ ಮೇಲೆ ಗೌರಿ ಹಬ್ಬದ ಬಾಗಿನಕ್ಕೆ ಅವಳನ್ನು ಯಾರೂ ಕರೆಯುತ್ತಿರಲಿಲ್ಲ.

ಅಮೆರಿಕದಲ್ಲಿ ಆ ಸಾರಿನ ಮೇಲೆ ಉಪ್ಪು ಬಿಸ್ಕತ್ತು ಮುರಿದು ಹಾಕುತ್ತಾರಂತೆ. ಅಪ್ಪ ಮದ್ದೂರು ವಡೆ ಪುಡಿ ಮಾಡಿ ಉದುರಿಸಿದ. ಕುಸುಮ ಎರಡು ಬಟ್ಟಲು ತಿಂದಳು, ಬೆರಳು ಚೀಪಿದಳು, ತುಟಿಯ ಅಂಚನ್ನು ನಾಲಿಗೆಯಿಂದ ಒರೆಸಿಕೊಂಡಳು. ಅಪ್ಪ ತಾನು ಉಣ್ಣದೆ ಅವಳನ್ನೇ ನೋಡುತ್ತ ಕೂತಿದ್ದ.

ದಸರಾ ಕಳೆಯುವ ಹೊತ್ತಿಗೆ ಆ ಬೆರಳುಗಳ ತುದಿ, ಆ ತುಟಿಯ ಅಂಚು ಬೆಳ್ಳಗಾದವು. ಸಾರು ಮುಟ್ಟಿದ ಕಡೆಯೇ! ಇದಕ್ಕಿಂತ ಸಾಕ್ಷಿ ಯಾವ ಕೋರ್ಟಿಗೆ ಬೇಕು? ಪಟ್ಟಲಮ್ಮ ಆ ಸಾರಿನ ಪಾತ್ರೆಯನ್ನು ತುಂಬಿ ಹರಿಯುವ ನಾಲೆಗೆ ಎಸೆದು ಬಂದು, ಒಲೆಯ ಮುಂದೆ ನಿಂತು ಹೇಳಿದಳು: “ಇವತ್ತಿಂದ ನನ್ನ ಒಲೆ ಮುಟ್ಟುದ್ರೆ ನೋಡಿ.”

ಅಪ್ಪ ಮುಟ್ಟಲಿಲ್ಲ. ಮೂರು ತಾಲ್ಲೂಕು ಅವನ ಕೈ ಅಡುಗೆ ಉಂಡಿತು. ಮನೆಯಲ್ಲಿ ಅವನು ಹದಿನೆಂಟು ವರ್ಷ ಒಂದು ಲೋಟ ಕಾಫಿ ಕಾಯಿಸಿಕೊಳ್ಳಲಿಲ್ಲ. ಕುಸುಮ ಆಗ ಬಾಯಿ ತೆರೆಯಬೇಕಿತ್ತು. ಕಾಲು ಮುಂದೆ ಚಾಚಿ, ‘ಅವ್ವ, ಇದು ಮೊದ್ಲೇ ಇತ್ತು’ ಎನ್ನಬೇಕಿತ್ತು. ಹೆದರಿಕೆಗೆ ಒಂದು ದಿನ ಸುಮ್ಮನಾದಳು. ಎರಡನೆಯ ದಿನ ಸುಮ್ಮನಿರುವುದು ಮೊದಲಿನಷ್ಟು ಕಷ್ಟವಾಗಲಿಲ್ಲ.

*

ಹನ್ನೆರಡೂವರೆಗೆ ಮಳವಳ್ಳಿಯ ಬೀಗರು ಬಂದರು. ಇನ್ನೂ ಬೀಗರಾಗಬೇಕಾದವರು. ದೀಪಿಕಳನ್ನು ಒಪ್ಪಿದ ಹುಡುಗ ರಘುನಂದನ್ ಹೂವಿನ ಹಾರ ಹಿಡಿದು ಹಿಂದೆ ನಿಂತ. ಅವನ ತಾಯಿ ದೇವಿರಮ್ಮ ನೇರ ಹೆಣದ ತಲೆಯ ಬಳಿ ಬಂದು ದೊಡ್ಡ ದನಿ ತೆಗೆದಳು.

“ಅಯ್ಯೋ ನನ್ನಪ್ಪಾ, ನಿಶ್ಚಿತಾರ್ಥದ ಅಡ್ಗೆ ನಾನೇ ಮಾಡ್ತೀನಿ ಅಂದಿದ್ಯಲ್ಲಪ್ಪಾ!”

ಅಳು ಒಂದು ಹದಕ್ಕೆ ಬಂದ ಮೇಲೆ ಅವಳು ಕಣ್ಣೊರೆಸಿಕೊಂಡು ಪಕ್ಕದವಳಿಗೆ ಹೇಳತೊಡಗಿದಳು. ಗುಟ್ಟು ಹೇಳುವವಳ ಮುಖ, ಊರು ಕೇಳುವ ದನಿ.

“ದೊಡ್ ಮನಸ್ನೋನು ಕಣಮ್ಮ. ಹೆಣ್ ನೋಡಕ್ ಬಂದಾಗ, ದೊಡ್ ಮಗ್ಳ ಕೈ ನೋಡಿ ನಾನು ಯಿಂದೆ ಮುಂದೆ ನೋಡ್ದೆ. ಸುಳ್ ಯಾಕೆ? ಆಗ ಅವ್ನೇ ಬಾಯ್ ಬುಟ್ಟು ಯೋಳ್ದ. ‘ನಮ್ಮ ವಂಸದಲ್ಲಿ ಏಳ್ ತಲೆಯಿಂದ ಇಲ್ಲ ತಾಯಿ. ಇದು ನನ್ನ ಪೆದ್ದತನ. ಮಗೀಗೆ ಮೀನೂ ಹಾಲೂ ತಿನ್ನಿಸ್ಬುಟ್ಟೆ’ ಅಂತ. ಹೆಂಡ್ತಿ ಬೈದಿದ್ದು, ಡಾಕ್ಟ್ರು ಬೈದಿದ್ದು, ಎಲ್ಲಾ ಅವ್ರವ್ರ ದನೀಲೇ ಮಾಡಿ ತೋರುಸ್ದ. ನಕ್ಕೂ ನಕ್ಕೂ ಒಪ್ಕಂಡ್ ಬಂದೊ.” ಕುಸುಮಳ ಕಡೆ ತಿರುಗಿದಳು. “ಅಲ್ವೇನವ್ವ? ಸಾರಿಂದ ತಾನೆ ಇದು?”

ಅಪ್ಪನ ಕಾಲ ಬಳಿ ಕೂತಿದ್ದ ದೀಪಿಕ ತಲೆಯೆತ್ತಿದಳು. ಕುಸುಮಳಿಗೆ ತನ್ನ ಮದುವೆಯೂ ನೆನಪಾಯಿತು. ಅವಳ ಗಂಡ ಸಂತೋಷನ ಮನೆಯವರ ಮುಂದೆಯೂ ಅಪ್ಪ ಇದೇ ಆಟ ಆಡಿದ್ದ. ಬಾಗಿಲ ಹಿಂದೆ ನಿಂತು ಅವಳು ಕೇಳಿಸಿಕೊಂಡಿದ್ದಳು, ಅವನ ಜೊತೆ ತಾನೂ ನಕ್ಕಿದ್ದಳು. ಅಪ್ಪ ಅದನ್ನು ನಂಬಿದ್ದಾನೆ ಎಂದುಕೊಂಡಿದ್ದಳು. ನಂಬಿಕೊಂಡೇ ಸತ್ತ.

“ಅಲ್ಲ,” ಎಂದಳು. “ಅದು...”

“ಕುಸುಮವ್ವ!” ಶಿವಣ್ಣನ ಗೊಗ್ಗರು ದನಿ. “ತುಳ್ಸಿ ಎಲ್ಲವ್ವ? ಹಾಲ್ ಬುಡಕ್ಕೆ ತುಳ್ಸಿ ಬ್ಯಾಡ್ವ? ಏಳು, ಹಿತ್ಲಿಗೆ ಬಾ.”

*

ಹಿತ್ತಲಿನಲ್ಲಿ ಅಪ್ಪನ ಕೊಳಗಗಳು ದೊಡ್ಡದರಿಂದ ಚಿಕ್ಕದಕ್ಕೆ ಸಾಲಾಗಿ ಬೋರಲು ಬಿದ್ದಿದ್ದವು. ಮಾರುದ್ದದ ಸೌಟುಗಳು ಗೋಡೆಗೆ ಒರಗಿದ್ದವು. ಶಿವಣ್ಣ ತುಳಸಿಗಿಡದ ಹತ್ತಿರವೂ ಹೋಗಲಿಲ್ಲ.

“ಏನ್ ಯೋಳಕ್ ಓಗಿದ್ದೆ?”

“ನಿಜ ಹೇಳೋಕೆ. ಸಾರಿಗೂ ಮುಂಚೆನೇ ಇತ್ತು ಮಾವ. ಕಾಲಲ್ಲಿತ್ತು. ನಾನೇ ಮುಚ್ಚಿಟ್ಟಿದ್ದೆ. ಅಪ್ಪ ಸುಮ್ನೆ ಹದಿನೆಂಟು ವರ್ಷ...”

ಶಿವಣ್ಣ ಒಂದು ಕೊಳಗದ ಬೆನ್ನ ಮೇಲೆ ಕೂತ. “ಅವ್ನಿಗೆ ಗೊತ್ತಿತ್ತು ಕಣವ್ವ.”

ಕುಸುಮ ಅವನ ಮುಖವನ್ನೇ ನೋಡಿದಳು.

“ಆ ವರ್ಸ ಯುಗಾದಿ ಟೇಮಲ್ಲಿ ನಿನ್ನ ಕಾಲ್ ಚೈನಿನ ಕೊಂಡಿ ಮುರ್ದಿತ್ತು. ಮದ್ದೂರಲ್ಲಿ ಬೆಸ್ಗೆ ಆಕ್ಸಿ ತಂದ. ಮಧ್ಯಾನ ನೀನ್ ಮನ್ಗಿದ್ದೆ, ಅವ್ನೇ ಕಾಲ್ಗೆ ಆಕ್ದ. ಆಗ ಕಂಡದೆ. ಮಾರ್ನೆ ದಿನ ಒಬ್ನೇ ಮಂಡ್ಯದ ಡಾಕ್ಟ್ರ ತಾವ ಓಗಿ ಕೇಳ್ಕಂಡು ಬಂದ. ಅವ್ರು ಅಂದ್ರಂತೆ, ಇದು ಅಂಟಾದಲ್ಲ, ಯಾವ್ ಊಟ್ದಿಂದ್ಲೂ ಬರಾದಲ್ಲ. ಮಗೀನ ಎದುರುಸ್ಬ್ಯಾಡಿ ಅಂತ.”

“ಗೊತ್ತಿದ್ದೂ ಯಾಕೆ ಒಪ್ಕೊಂಡ?”

“ನಾನೂ ಅದೇ ಬೈದೆ. ‘ಥೂ ನಿನ್ನ, ಮಾಡ್ದಿರೋ ತೆಪ್ಪ ಮೈಮೇಲೆ ಎಳ್ಕಂಡ್ ಕುಣೀತಿದ್ದೀಯಲ್ಲ’ ಅಂತ. ಅದಕ್ ಅವ್ನು ಏನಂದ ಗೊತ್ತಾ? ‘ಶಿವಣ್ಣ, ರಕ್ತದಿಂದ ಬಂತು ಅಂದ್ರೆ ನನ್ನ ಎರಡ್ ಮಕ್ಳನ್ನೂ ಯಾರೂ ಮಾಡ್ಕಳಕಿಲ್ಲ. ಸಾರಿಂದ ಬಂತು ಅಂದ್ರೆ ಎಲ್ರೂ ಸಾರ್ನ ಬೈಕತಾರೆ. ಬೈಲಿ ಬುಡು. ಸಾರಿಗೇನ್ ಮದ್ವೆ ಆಗ್ಬೇಕಾ?’”

ಶಿವಣ್ಣ ಆ ಕೊನೆಯ ಮಾತನ್ನು ಗೆಳೆಯನ ದನಿಯಲ್ಲೇ ಆಡಲು ಹೋದ. ಅರ್ಧಕ್ಕೆ ಅವನದೇ ದನಿ ಒಡೆಯಿತು.

“ಆದ್ರೆ ಒಂದಾಸೆ ಇತ್ತು. ‘ನನ್ ಮಗ್ಳು ಒಂದಿನ ತಾನಾಗೇ ಬಂದು ಯೋಳ್ತಾಳೆ, ನಾನಾಗ್ ಕೇಳುದ್ರೆ ಎದುರ್ಕತಾಳೆ. ಯೋಳಿದ್ ದಿನ ಆ ಸಾರ್ನ ಇನ್ನೊಂದ್ ಸತಿ ಮಾಡಿ ಇಬ್ರೂ ಉಣ್ತೀವಿ’ ಅಂತಿದ್ದ. ಪ್ರತಿ ವರ್ಸ ನಾಲೆ ನಿಂತಾಗ ಓಗಿ ಚಿಪ್ಪು ಎಕ್ಕೋನು. ಬೋಗುಣಿ ನೀರಲ್ಲಿ ಎರಡ್ ದಿನ ಮಡಗೋನು. ಆಮೇಲೆ ತಿರ್ಗಾ ತಕ್ಕಂಡೋಗಿ ನಾಲೆಗೇ ಬುಟ್ ಬರೋನು.”

ನಾಲೆ ನಿಂತದೆ ಕಣ್ ಮಗ.

ಕುಸುಮ ಗೋಡೆಗೆ ಒರಗಿದ್ದ ಸೌಟುಗಳ ಪಕ್ಕ ತಾನೂ ಒರಗಿದಳು. ಹದಿನೆಂಟು ಬೇಸಿಗೆ. ಮದುವೆಯಾಗಿ ಮಂಡ್ಯಕ್ಕೆ ಹೋದ ಮೇಲಿನ ಫೋನುಗಳೇ ನಾಲ್ಕು. ಹೂಂ ಅಪ್ಪ, ಬಿಸ್ಲು ಜಾಸ್ತಿ.

“ಈಗ ನೀನು ಯೋಳುದ್ರೆ ಬ್ಯಾಡ ಅನ್ನಕೆ ನಾನ್ಯಾರು?” ಶಿವಣ್ಣ ಎದ್ದ. “ಆದ್ರೆ ಅದು ಅವ್ನು ಕಟ್ಟಿದ್ ಗಂಟು ಕಣವ್ವ. ಬಿಚ್ಚುದ್ರೆ ಏನೇನ್ ಚೆಲ್ತದೆ ಅಂತ ನೋಡ್ಕಂಡು ಬಿಚ್ಚು.” ಒಂದು ಹಿಡಿ ತುಳಸಿ ಕಿತ್ತು ಅವಳ ಕೈಗಿಟ್ಟು ಮುಂದೆ ಹೋದ.

*

ಅಡುಗೆಮನೆಯಲ್ಲಿ ಅವ್ವ ಒಬ್ಬಳೇ ಇದ್ದಳು. ಒಲೆ ಹಚ್ಚುವ ಹಾಗಿರಲಿಲ್ಲ. ಪಕ್ಕದ ಮನೆಯವರು ಕಾಯಿಸಿ ಕೊಟ್ಟ ಹಾಲಿನ ಪಾತ್ರೆಯನ್ನು ಹಿಡಿದು, ಲೋಟಕ್ಕೆ ಬಗ್ಗಿಸದೆ, ನಿಂತಿದ್ದಳು.

“ನಾನ್ ತರ್ತಿದ್ದೆ ಅವ್ವ.”

“ಇಲ್ಲ. ಇದೊಂದ್ ನಾನೇ ಕೊಡ್ತೀನಿ.”

“ಅವ್ವ.” ಕುಸುಮ ತುಳಸಿಯನ್ನು ಕಟ್ಟೆಯ ಮೇಲಿಟ್ಟಳು. “ಸಾರಿಗೂ ಮೊದ್ಲೇ ಇತ್ತು.”

“ಏನು?”

“ಬೆಳ್ಳಗಿರೋದು. ಕಾಲಲ್ಲಿ. ಚೈನಿನ ಕೆಳಗೆ. ಹೆದರಿ ಯಾರಿಗೂ ತೋರಿಸ್ಲಿಲ್ಲ.”

ಪಟ್ಟಲಮ್ಮ ಹಾಲನ್ನು ಕೆಳಗಿಟ್ಟಳು. ನಿಧಾನವಾಗಿ ನೆಲಕ್ಕೆ ಕುಕ್ಕರುಗಾಲಲ್ಲಿ ಕೂತು ಮಗಳ ಸೀರೆಯ ಅಂಚನ್ನು ಮೇಲೆತ್ತಿದಳು. ಪಾದದಿಂದ ಮೀನಖಂಡದವರೆಗೆ ಒಂದಕ್ಕೊಂದು ಕೂಡಿಕೊಂಡು ಹಬ್ಬಿತ್ತು. ಅವಳ ಬೆರಳು ಹಿಮ್ಮಡಿಯ ಮೇಲೆ ಹುಡುಕಾಡಿತು.

“ಎಲ್ಲಿ? ಯಾವ್ದು ಮೊದ್ಲಿಂದು?”

“ಈಗ ಗೊತ್ತಾಗಲ್ಲ ಅವ್ವ. ಎಲ್ಲಾ ಸೇರ್ಕೊಂಡದೆ.”

ಪಟ್ಟಲಮ್ಮ ಬೆರಳು ತೆಗೆಯಲಿಲ್ಲ. ಹೊರಗೆ ತಮಟೆಯವರು ಬಂದು ಚರ್ಮ ಕಾಯಿಸುತ್ತಿದ್ದರು.

“ಹೋದ್ ವಾರ ನಂಗೆ ಜ್ವರ. ಒಂದ್ ಲೋಟ ಗಂಜಿ ಕಾಯಿಸ್ಲಾ ಅಂದ್ರು ನಿಮ್ಮಪ್ಪ. ‘ಒಲೆ ತಾವ ಹೋದ್ರೆ ನೋಡಿ’ ಅಂದೆ. ಬಾಗ್ಲಲ್ಲೇ ನಿಂತು, ನನ್ ದನೀಲೇ ‘ಒಲೆ ತಾವ ಹೋದ್ರೆ ನೋಡಿ’ ಅಂದು ನಗ್ಸುದ್ರು.” ತಲೆಯೆತ್ತಿ ಕೇಳಿದಳು, “ಅವ್ರಿಗೆ ಗೊತ್ತಿತ್ತಾ?”

“ಮೊದ್ಲಿಂದಲೂ ಗೊತ್ತಿತ್ತಂತೆ. ನಮ್ಮ ಮದ್ವೆಗೆ ಅಡ್ಡಿ ಆಗ್ಬಾರ್ದು ಅಂತ...”

ಪಟ್ಟಲಮ್ಮ ಬೈಯಬಹುದು, ಕೆನ್ನೆಗೆ ಬಾರಿಸಬಹುದು ಎಂದು ಕುಸುಮ ಕಾದಳು. ಬಾರಿಸಿದ್ದರೆ ಹಗುರವಾಗುತ್ತಿತ್ತು. ಅವಳು ಮಗಳ ಸೀರೆಯ ಅಂಚನ್ನು ಮೆಲ್ಲಗೆ ಕೆಳಗೆ ಬಿಟ್ಟು ನಿರಿಗೆ ಸರಿಮಾಡಿದಳು, ಹತ್ತು ವರ್ಷದ ಮಗುವಿಗೆ ಲಂಗ ಸರಿಮಾಡುವ ಹಾಗೆ.

“ಊರೋರ ದನೀಲೆಲ್ಲ ಮಾತಾಡ್ದ ಮನ್ಸ,” ಎಂದಳು. “ತನ್ ದನೀಲಿ ಇದೊಂದ್ ಮಾತ ನನ್ ತಾವ ಆಡ್ಲಿಲ್ವಲ್ಲೇ.”

ಆಮೇಲೆ ಎದ್ದು, ಗೂಡಿಗೆ ಕೈಹಾಕಿದಳು.

*

ಶಿವಣ್ಣನ ಗಂಟು ಶಿವಣ್ಣನಿಗೂ ಬಿಚ್ಚಲು ಬರಲಿಲ್ಲ. ಕೊನೆಗೆ ತರಕಾರಿ ಹೆಚ್ಚುವ ಚೂರಿಯಿಂದ ಕೊಯ್ದ. ನಾಗರಾಜುವಿನ ಬಾಯಿ ಒಂದು ಬೆರಳಷ್ಟು ತೆರೆದುಕೊಂಡಿತು, ಏನೋ ಹೇಳಲು ಹೊರಟವನ ಹಾಗೆ.

ಪಟ್ಟಲಮ್ಮ ತುಳಸಿಯನ್ನು ಕೈಗೆ ತೆಗೆದುಕೊಳ್ಳಲಿಲ್ಲ. ಹಾಲಿನ ಪಾತ್ರೆಯೊಳಗೆ ಅಂಚು ಸವೆದ ಕಪ್ಪೆಚಿಪ್ಪನ್ನು ಅದ್ದಿದಳು.

“ಅಯ್, ಇದೇನಮ್ಮ ಪಟ್ಟಲಮ್ಮ!” ಎಂದಳು ದೇವಿರಮ್ಮ. “ಚಿಪ್ಪಲ್ಲಿ ಹಾಲು ಬುಡ್ತಾರಾ? ಅದೂ ಈ ಮನೇಲಿ?”

“ಅವ್ರಿಗೆ ಸೇರ್ತಿತ್ತು,” ಎಂದಳು ಪಟ್ಟಲಮ್ಮ.

ಚಿಪ್ಪಿನ ಒಳಮೈ ಬಿಸಿಲಿಗೆ ಒಮ್ಮೆ ಹೊಳೆಯಿತು. ಹಾಲು ಗಂಡನ ಬಾಯೊಳಗೆ ಇಳಿಯುವವರೆಗೂ ಅವಳು ಬಗ್ಗಿಯೇ ಇದ್ದಳು. ಮತ್ತೆ ಅದ್ದಿ, ಚಿಪ್ಪನ್ನು ಕುಸುಮಳ ಕಡೆ ಚಾಚಿದಳು.

ದೇವಿರಮ್ಮ ಕೇಳಿದ ಪ್ರಶ್ನೆ ಇನ್ನೂ ಶಾಮಿಯಾನದ ಕೆಳಗೇ ಇತ್ತು. ಕುಸುಮ ದೀಪಿಕಳನ್ನು ನೋಡಿದಳು. ಹಾರ ಹಿಡಿದು ಹಿಂದೆ ನಿಂತಿದ್ದ ಹುಡುಗನನ್ನು ನೋಡಿದಳು. ಮುಷ್ಟಿ ಬಿಚ್ಚಿ ಬೆಳ್ಳನೆಯ ಬೆರಳುಗಳಿಂದ ಚಿಪ್ಪನ್ನು ಹಿಡಿದು, ಅಪ್ಪನ ಕಿವಿಯ ಬಳಿ ಬಗ್ಗಿ, ಬೇರೆ ಯಾರಿಗೂ ಕೇಳದಷ್ಟು ಮೆಲ್ಲಗೆ ಹೇಳಿದಳು.

“ಮೊದ್ಲೇ ಇತ್ತಪ್ಪ. ಕಾಲಲ್ಲಿ.”

ಹಾಲು ಬಿಟ್ಟಳು. ಬಾಯಿ ಆಗಲೇ ತುಂಬಿತ್ತು. ಅದು ಒಳಗೆ ಇಳಿಯದೆ ತುಟಿಯ ಅಂಚಿಗೆ ಬಂದು, ಅಲ್ಲೇ ಬೆಳ್ಳಗೆ ನಿಂತಿತು.

ದೀಪಿಕ ಸೆರಗಿನ ತುದಿ ಹಿಡಿದು ಒರೆಸಲು ಬಗ್ಗಿದಳು. ಕುಸುಮ ಅವಳ ಮಣಿಕಟ್ಟು ಹಿಡಿದುಕೊಂಡಳು.

“ಒರೆಸ್ಬೇಡ. ಹಂಗೇ ಇರ್ಲಿ.”

ದೇವಿರಮ್ಮನ ಕಣ್ಣು ಅಪ್ಪನ ತುಟಿಯಿಂದ ಕುಸುಮಳ ತುಟಿಗೆ ಬಂತು. ತಮಟೆ ಶುರುವಾಯಿತು. ನಾಲ್ಕು ಜನ ಹೆಗಲು ಕೊಟ್ಟರು. ನಾಗರಾಜು ಬಾಯಂಚಿನಲ್ಲಿ ಮಗಳಿಗಿದ್ದ ಹಾಗೆಯೇ ಒಂದು ಬಿಳಿ ಗುರುತು ಇಟ್ಟುಕೊಂಡು, ತುಂಬಿ ಹರಿಯುತ್ತಿದ್ದ ನಾಲೆಯ ಏರಿಯ ಮೇಲೆ ಹೊರಟ.